ಖಾಯಂ ವಿಲೀನದ ಕಡತ ಮಾಡಿಕೊಡುವ ಸೇವೆ: ಕಲಬುರಗಿಯಲ್ಲಿ ಏನು ಸಿಗುತ್ತದೆ, ಎಲ್ಲಿ ಕೈಕೊಡುತ್ತದೆ

ಕಲಬುರಗಿಯ ಮಿನಿ ವಿಧಾನಸೌಧದ ಆಸುಪಾಸಿನ ಟೈಪಿಂಗ್-ಝೆರಾಕ್ಸ್ ಅಂಗಡಿಗಳಲ್ಲಿ ಪಹಣಿ, ಜಾತಿ-ಆದಾಯದ ಅರ್ಜಿಗಳ ನಡುವೆಯೇ ಇನ್ನೊಂದು ಕೆಲಸವೂ ನಡೆಯುತ್ತದೆ. ಎರವಲು ಸೇವೆಯ ಮೇಲೆ ಬೇರೆ ಇಲಾಖೆಯಲ್ಲೋ ನಿಗಮದಲ್ಲೋ ದುಡಿಯುತ್ತಿರುವ ಸರ್ಕಾರಿ ನೌಕರರಿಗೆ ಅಲ್ಲೇ ಖಾಯಂ ಆಗಿ ವಿಲೀನವಾಗಲು ಬೇಕಾದ ಕಡತ ಕಟ್ಟಿಕೊಡುವ ಕೆಲಸ ಅದು. ಕಂಪ್ಯೂಟರ್ ಮುಂದೆ ಹುಡುಗ ಕೂತಿದ್ದರೂ ಪಕ್ಕದ ಕುರ್ಚಿಯಲ್ಲಿ ನಿವೃತ್ತ ಅಧೀಕ್ಷಕರೋ ಪ್ರಥಮ ದರ್ಜೆ ಸಹಾಯಕರೋ ಇರುತ್ತಾರೆ. ಸೇವೆಯ ನಿಜವಾದ ಬೆಲೆ ಇರುವುದು ಅವರಲ್ಲಿ. ಪ್ರಾದೇಶಿಕ ಆಯುಕ್ತರ ಕಚೇರಿ, ಜೆಸ್ಕಾಂ, ಕೆಕೆಆರ್‌ಟಿಸಿ, ಕಲ್ಯಾಣ ಕರ್ನಾಟಕ ಪ್ರದೇಶಾಭಿವೃದ್ಧಿ ಮಂಡಳಿ, ಗುಲಬರ್ಗಾ ವಿಶ್ವವಿದ್ಯಾಲಯ ಎಲ್ಲವೂ ಇದೇ ಊರಲ್ಲಿರುವುದರಿಂದ ಬೀದರ್, ಯಾದಗಿರಿಯ ನೌಕರರೂ ಈ ಕೆಲಸಕ್ಕೆ ಇಲ್ಲಿಗೇ ಬರುತ್ತಾರೆ.

ನಮ್ಮ ಅಭಿಪ್ರಾಯ ಮೊದಲೇ ಹೇಳಿಬಿಡುತ್ತೇವೆ. ಸೇವಾ ವಹಿ ಸರಿಪಡಿಸುವುದು, ಆದೇಶಗಳನ್ನು ಜೋಡಿಸುವುದು, ದಾಖಲೆಗಳ ಸೆಟ್ ಕಟ್ಟುವುದು ಇಲ್ಲಿ ಬಹಳ ಚೆನ್ನಾಗಿ ಆಗುತ್ತದೆ. ಆ ಕೆಲಸಕ್ಕೆ ಕೊಟ್ಟ ಹಣ ವ್ಯರ್ಥವಲ್ಲ. ಅರ್ಜಿಯ ಒಕ್ಕಣೆ ಮಾತ್ರ ಕಣ್ಣುಮುಚ್ಚಿ ಸಹಿ ಹಾಕುವಂಥದ್ದಲ್ಲ. ಅದರ ಒಂದೇ ಒಂದು ಸಾಲು ಹದಿನೈದು ವರ್ಷದ ಜ್ಯೇಷ್ಠತೆಯನ್ನು ತಿಂದುಹಾಕಬಲ್ಲದು.

ಮೊದಲು ಈ ಸೇವೆ ಯಾರಿಗೆ ಎಂಬುದು ಸ್ಪಷ್ಟವಾಗಬೇಕು. ನಮ್ಮ ಕಚೇರಿಗಳಲ್ಲಿ ‘ಡೆಪ್ಯುಟೇಶನ್’ ಎಂಬ ಒಂದೇ ಮಾತಿನಡಿ ಎರಡು ಬೇರೆ ಸಂಗತಿಗಳು ಬರುತ್ತವೆ. ಒಂದು ಎರವಲು ಸೇವೆ: ಮಾತೃ ಇಲಾಖೆ ಕಳಿಸಲು ಒಪ್ಪಿ, ಪಡೆಯುವ ಸಂಸ್ಥೆ ಕೇಳಿ, ನೌಕರ ಒಪ್ಪಿ, ಅವಧಿ ಹಾಗೂ ಷರತ್ತುಗಳೊಂದಿಗೆ ಸಕ್ಷಮ ಪ್ರಾಧಿಕಾರ ಹೊರಡಿಸುವ ಆದೇಶ. ಇನ್ನೊಂದು ಅನ್ಯ ಕರ್ತವ್ಯ, ಅಂದರೆ ಓಓಡಿ: ಸಂಬಳ ಮೂಲ ಹುದ್ದೆಯಲ್ಲೇ, ಕೆಲಸ ಮಾತ್ರ ಬೇರೆ ಕಡೆ. ಓಓಡಿ ಮೇಲೆ ಎಂಟು ವರ್ಷ ಕೂತಿದ್ದರೂ ಅದು ಎರವಲು ಸೇವೆ ಆಗುವುದಿಲ್ಲ. ಅದರ ಆಧಾರದ ಮೇಲೆ ವಿಲೀನದ ಕಡತ ಊರ್ಜಿತವಾಗುವುದೂ ಇಲ್ಲ. ಒಳ್ಳೆಯ ಅಂಗಡಿಯಲ್ಲಿ ಮೊದಲ ಪ್ರಶ್ನೆಯೇ ‘ಸಂಬಳ ಯಾವ ಡಿಡಿಓ ಮಾಡ್ತಾರ್ರೀ?’ ಎಂದಿರುತ್ತದೆ; ಡಿಡಿಓ ಅಂದರೆ ಸಂಬಳ ಸೆಳೆದು ಬಟವಾಡೆ ಮಾಡುವ ಅಧಿಕಾರಿ. ಆ ಪ್ರಶ್ನೆ ಕೇಳದೆ ‘ಎಲ್ಲಾ ರೆಡಿ ಫಾರ್ಮ್ಯಾಟ್ ಅದ ರೀ, ಹೆಸರು ಹಾಕಿದ್ರ ಆಯ್ತು’ ಎನ್ನುವವರಿದ್ದರೆ ಅಲ್ಲಿಂದ ಎದ್ದು ಬನ್ನಿ.

ಈಗ ಚೆನ್ನಾಗಿರುವ ಭಾಗ. ನೌಕರ ಒಂದು ಕಡೆ, ಸೇವಾ ವಹಿ (ಎಸ್‌ಆರ್) ಇನ್ನೊಂದು ಕಡೆ ಇರುವುದೇ ಎರವಲು ಸೇವೆಯ ದೊಡ್ಡ ತಾಪತ್ರಯ. ಎಸ್‌ಆರ್ ಮಾತೃ ಕಚೇರಿಯ ಅಲಮಾರಿಯಲ್ಲೇ ಉಳಿದಿರುತ್ತದೆ. ವಾರ್ಷಿಕ ವೇತನ ಬಡ್ತಿ, ರಜೆ, ಸೇವಾ ಪರಿಶೀಲನೆ ಯಾವುದನ್ನೂ ಯಾರೂ ಬರೆದಿರುವುದಿಲ್ಲ. ಇಲ್ಲಿನ ಹಿರಿಯರು ಎಸ್‌ಆರ್‌ನ ದೃಢೀಕೃತ ಪ್ರತಿ ತರಿಸಿ, ಪುಟಕ್ಕೆ ಪುಟ ನೋಡಿ, ಬಿಟ್ಟುಹೋದ ನಮೂದುಗಳ ಪಟ್ಟಿಯನ್ನು ಪೆನ್ಸಿಲ್‌ನಲ್ಲಿ ಬರೆದುಕೊಡುತ್ತಾರೆ. ಯಾವ ವರ್ಷದ ಸೇವಾ ಪರಿಶೀಲನೆಗೆ ಕಚೇರಿ ಮುಖ್ಯಸ್ಥರ ಸಹಿ ಇಲ್ಲ, ಯಾವ ಜನವರಿ 1 ಅಥವಾ ಜುಲೈ 1ರ 15 ದಿನಗಳ ಗಳಿಕೆ ರಜೆ ಜಮಾ ಆಗಿಲ್ಲ, ಇಲಾಖಾ ಪರೀಕ್ಷೆ ಪಾಸಾದ ನಮೂದು ಎಲ್ಲಿ ತಪ್ಪಿದೆ, ಕಂಪ್ಯೂಟರ್ ಸಾಕ್ಷರತಾ ಪರೀಕ್ಷೆಯ ಪ್ರಮಾಣಪತ್ರ ಅಂಟಿಸಿದ್ದಾರೆಯೇ ಎಂಬುದೆಲ್ಲ ಅದರಲ್ಲಿರುತ್ತದೆ. ವಿಲೀನದ ನಂತರ ಮಾತೃ ಇಲಾಖೆಯಲ್ಲಿ ನಿಮ್ಮ ಕೆಲಸ ಮಾಡಿಕೊಡುವವರು ಯಾರೂ ಇರುವುದಿಲ್ಲ. ಆದ್ದರಿಂದ ಈ ನಮೂದುಗಳು ಆದೇಶ ಬರುವ ಮೊದಲೇ ಆಗಬೇಕು. ಈ ಮಾತನ್ನು ಅವರು ಒತ್ತಿ ಹೇಳುತ್ತಾರೆ, ಸರಿಯಾಗಿಯೇ ಹೇಳುತ್ತಾರೆ.

ಅದಕ್ಕಿಂತ ಮೇಲಿನ ಕೆಲಸವೆಂದರೆ ನಿಯೋಜನಾ ಅವಧಿಯ, ಅಂದರೆ ಎರವಲು ಸೇವೆಯ ಅವಧಿಯ, ತಃಖ್ತೆ. ಒಂದು ಫುಲ್‌ಸ್ಕೇಪ್ ಹಾಳೆಯನ್ನು ಅಡ್ಡ ಮಾಡಿ ಏಳು ಕಾಲಂ ಎಳೆಯುತ್ತಾರೆ: ಆದೇಶ ಸಂಖ್ಯೆ ಮತ್ತು ದಿನಾಂಕ, ಯಾರು ಹೊರಡಿಸಿದ್ದು, ಯಾವ ದಿನದಿಂದ, ಯಾವ ದಿನದವರೆಗೆ, ಬಿಡುಗಡೆ-ವರದಿ ದಿನಾಂಕ, ಅಂತಿಮ ವೇತನ ಪ್ರಮಾಣಪತ್ರ, ವಂತಿಗೆ ಪಾವತಿಯ ಚಲನ್. ನೋಡಲು ಸಾದಾ ಕೋಷ್ಟಕ, ಆದರೆ ಕಡತದ ರೋಗ ಎಲ್ಲಿದೆಯೆಂದು ಇದೇ ತೋರಿಸುತ್ತದೆ. ಉದಾಹರಣೆಗೆ, ಮೊದಲ ಆದೇಶದ ಅವಧಿ 2022ರ ಜೂನ್ 2ಕ್ಕೆ ಮುಗಿದಿದೆ. ವಿಸ್ತರಣೆ ಆದೇಶ ಆಗಸ್ಟ್ 20ರಿಂದ ಜಾರಿ ಎಂದಿದೆ ಅನ್ನಿ. ನಡುವಿನ 78 ದಿನ ಯಾವ ಆದೇಶವೂ ಇಲ್ಲದೆ ಕೆಲಸ ಮಾಡಿದಂತಾಯಿತು. ವಿಲೀನದ ಪ್ರಸ್ತಾವನೆ ಮೇಲೆ ಹೋದಾಗ ಷರಾ ಬೀಳುವುದು ಇಂಥ ಕಡೆಯೇ. ಅದಕ್ಕೆ ಘಟನೋತ್ತರ ಅನುಮೋದನೆ ಪಡೆದೇ ಮುಂದೆ ಹೋಗಬೇಕು. ಅಂಗಡಿಯವರು ಆ ಅನುಮೋದನೆಯ ಕೋರಿಕೆ ಪತ್ರವನ್ನೂ ಇದೇ ಸೆಟ್‌ನಲ್ಲಿ ಸೇರಿಸಿ ಕೊಡುತ್ತಾರೆ. ಕೇಂದ್ರ ಸರ್ಕಾರದ ಅಡಿಯ ಎರವಲಿನಲ್ಲಿ ಇದು ಇನ್ನೂ ಬಿಗಿ. ಅಲ್ಲಿ ಅವಧಿ ಮುಗಿದ ದಿನವೇ ನೌಕರ ಬಿಡುಗಡೆಯಾದಂತೆ ಲೆಕ್ಕ. ಮಂಜೂರಾತಿ ಇಲ್ಲದೆ ಉಳಿದ ದಿನಗಳು ಪಿಂಚಣಿ, ವೇತನ ಬಡ್ತಿಗೆ ಸೇರದೆ ಹೋಗುವ ಅಪಾಯವಿದೆ.

ಏಳನೇ ಕಾಲಂ ಬಗ್ಗೆ ಒಂದು ಮಾತು. ರಾಜ್ಯ ಸರ್ಕಾರದ ಒಂದು ಇಲಾಖೆಯಿಂದ ಇನ್ನೊಂದು ಇಲಾಖೆಗೆ ಹೋದವರಿಗೆ ವಂತಿಗೆಯ ಪ್ರಶ್ನೆ ಇಲ್ಲ, ಸಂಬಳ ಬರುವುದು ಅದೇ ಬೊಕ್ಕಸದಿಂದ. ನಿಗಮ, ಮಂಡಳಿ, ಪ್ರಾಧಿಕಾರ, ವಿಶ್ವವಿದ್ಯಾಲಯಕ್ಕೆ ಹೋದವರದ್ದು ಅನ್ಯಸೇವೆ, ಅಂದರೆ ಸರ್ಕಾರದ ಬೊಕ್ಕಸದ ಹೊರಗಿನ ಸೇವೆ. ಅಲ್ಲಿ ನೌಕರನನ್ನು ಪಡೆದ ಸಂಸ್ಥೆಯೇ ರಜಾ ವೇತನ ಮತ್ತು ಪಿಂಚಣಿ ವಂತಿಗೆಯನ್ನು ಕಟ್ಟಬೇಕು, ಹೊಸ ಪಿಂಚಣಿ ಯೋಜನೆಯವರಾದರೆ ಮಾಲೀಕರ ಪಾಲನ್ನೂ ಕಟ್ಟಬೇಕು. ಕಟ್ಟದೆ ಉಳಿದ ತಿಂಗಳುಗಳ ಪಟ್ಟಿಯನ್ನು ಇವರು ಚಲನ್ ಸಮೇತ ತೋರಿಸುತ್ತಾರೆ. ಈ ಬಾಕಿ ತೀರದೆ ಮಾತೃ ಇಲಾಖೆ ನಿರಾಕ್ಷೇಪಣಾ ಪತ್ರ ಕೊಡಲು ಹಿಂದೇಟು ಹಾಕುತ್ತದೆ. ನೌಕರನ ತಪ್ಪು ಇಲ್ಲದಿದ್ದರೂ ಕಡತ ನಿಲ್ಲುವುದು ನೌಕರನದ್ದೇ.

ಇನ್ನು ಕೈಕೊಡುವ ಭಾಗ.

ಅಂಗಡಿಯ ಕಂಪ್ಯೂಟರಿನಲ್ಲಿರುವ ಸಿದ್ಧ ಅರ್ಜಿಯ ಸಾಲು ಹೆಚ್ಚುಕಡಿಮೆ ಹೀಗಿರುತ್ತದೆ: ‘ನಾನು ಸದರಿ ಕಚೇರಿಯಲ್ಲಿ ಎರವಲು ಸೇವೆಯ ಮೇಲೆ ಕಾರ್ಯನಿರ್ವಹಿಸುತ್ತಿದ್ದು, ಸ್ವಂತ ಕೋರಿಕೆಯ ಮೇರೆಗೆ ನನ್ನನ್ನು ಖಾಯಂ ಆಗಿ ವಿಲೀನಗೊಳಿಸಬೇಕೆಂದು ತಮ್ಮಲ್ಲಿ ವಿನಂತಿಸಿಕೊಳ್ಳುತ್ತೇನೆ.’ ಓದಲು ವಿನಯದ ಸಾಲು. ಆದರೆ ಕರ್ನಾಟಕ ಸರ್ಕಾರಿ ನೌಕರರ (ಜ್ಯೇಷ್ಠತೆ) ನಿಯಮಗಳು, 1957ರ 6ನೇ ನಿಯಮವನ್ನು ಇದರ ಪಕ್ಕದಲ್ಲಿಟ್ಟು ನೋಡಿ. ಸಾರ್ವಜನಿಕ ಹಿತದೃಷ್ಟಿಯಿಂದ ಅದೇ ವೇತನ ಶ್ರೇಣಿಯ ಬೇರೆ ವೃಂದಕ್ಕೆ (ಒಂದೇ ಬಗೆಯ ಹುದ್ದೆಗಳ ಗುಂಪಿಗೆ) ವರ್ಗಾಯಿಸಿದರೆ ಹಳೆಯ ವೃಂದದಲ್ಲಿ ಮೊದಲು ನೇಮಕವಾದ ದಿನದಿಂದಲೇ ಜ್ಯೇಷ್ಠತೆ ಸಿಗುತ್ತದೆ. ನೌಕರನ ಕೋರಿಕೆಯ ಮೇಲೆ ವರ್ಗಾಯಿಸಿದರೆ, ಆ ದಿನ ಆ ವೃಂದದಲ್ಲಿ ಇರುವ ಎಲ್ಲರ ಕೆಳಗೆ ಅವನ ಹೆಸರು. ‘ಸ್ವಂತ ಕೋರಿಕೆ’ ಎಂಬ ಎರಡು ಪದಗಳನ್ನು ಅರ್ಜಿಯಲ್ಲಿ ನೋಡಿದ ವಿಷಯ ನಿರ್ವಾಹಕರು, ಅಂದರೆ ಕಡತ ನೋಡುವ ಗುಮಾಸ್ತರು, ಟಿಪ್ಪಣಿಯಲ್ಲಿ ಅದನ್ನೇ ಬರೆಯುತ್ತಾರೆ, ಟಿಪ್ಪಣಿಯಿಂದ ಅದು ಆದೇಶಕ್ಕೆ ಇಳಿಯುತ್ತದೆ. ಆದೇಶಕ್ಕೆ ಇಳಿದ ಮೇಲೆ ಅದನ್ನು ಅಳಿಸುವುದು ಬಲು ಕಷ್ಟ.

ಹಾಗಂತ ಸುಳ್ಳು ಬರೆಯಬೇಕಿಲ್ಲ. ಎಷ್ಟೋ ಪ್ರಕರಣಗಳಲ್ಲಿ ವಿಲೀನದ ಮಾತು ಮೊದಲು ಎತ್ತುವುದು ಪಡೆದ ಸಂಸ್ಥೆಯೇ: ಹುದ್ದೆ ಖಾಲಿ ಇದೆ, ಅನುಭವಿ ನೌಕರ ಬೇಕು, ಬಿಟ್ಟುಕೊಟ್ಟರೆ ಕೆಲಸ ನಿಲ್ಲುತ್ತದೆ ಎನ್ನುತ್ತದೆ. ಅಂಥಲ್ಲಿ ನೌಕರ ಕೊಡಬೇಕಾದ್ದು ಕೋರಿಕೆಯಲ್ಲ, ಸಮ್ಮತಿ. ‘ತಮ್ಮ ಪತ್ರ ಸಂಖ್ಯೆ ಮತ್ತು ದಿನಾಂಕದಲ್ಲಿ ತಿಳಿಸಿರುವಂತೆ, ಸದರಿ ಹುದ್ದೆಯಲ್ಲಿ ಖಾಯಂ ವಿಲೀನಕ್ಕೆ ನನ್ನ ಸಮ್ಮತಿ ಇರುತ್ತದೆ’ ಎಂದರೆ ಸಾಕು. ಅದಕ್ಕೆ ಮೊದಲು ಆ ಸಂಸ್ಥೆಯಿಂದ ಆಡಳಿತಾತ್ಮಕ ಅಗತ್ಯವನ್ನು ಬಿಡಿಸಿ ಹೇಳುವ ಪತ್ರ ಬಂದಿರಬೇಕು. ಪತ್ರ ಮೊದಲು, ಸಮ್ಮತಿ ಆಮೇಲೆ. ದಿನಾಂಕಗಳ ಈ ಕ್ರಮ ತಪ್ಪಿದರೆ ಸಮ್ಮತಿಯೂ ಕೋರಿಕೆಯಂತೆಯೇ ಕಾಣುತ್ತದೆ. ನಿಜಕ್ಕೂ ಮನೆ, ಮಕ್ಕಳು, ಆರೋಗ್ಯದ ಕಾರಣಕ್ಕೆ ನೀವೇ ಕೇಳುತ್ತಿದ್ದರೆ ಹಾಗೆಯೇ ಬರೆಯಿರಿ, ಆದರೆ ಜ್ಯೇಷ್ಠತಾ ಪಟ್ಟಿಯ ಕೊನೆಯ ಸ್ಥಾನ ಸಿಗುತ್ತದೆ ಎಂಬುದನ್ನು ತಿಳಿದೇ ಬರೆಯಿರಿ. ನಿವೃತ್ತಿಗೆ ಐದಾರು ವರ್ಷ ಉಳಿದವರಿಗೆ ಅದು ದೊಡ್ಡ ನಷ್ಟವಲ್ಲ. ಮೂವತ್ತೈದರ ಪ್ರಾಯದವರಿಗೆ ಎರಡು ಬಡ್ತಿ ಹೋದಂತೆ. ಈ ವ್ಯತ್ಯಾಸವನ್ನು ಕೇಳದೆಯೇ ವಿವರಿಸಿ ಹೇಳುವ ಅಂಗಡಿ ಸಿಕ್ಕರೆ ಅವರು ಕೇಳಿದಷ್ಟು ಕೊಡಬಹುದು.

ಸಿದ್ಧ ಅರ್ಜಿಯ ಎರಡನೇ ಕಾಯಿಲೆ ಬೇರೆ ಕಡತದಿಂದ ಬಂದದ್ದು. ದಿನಗೂಲಿ ನೌಕರರ ಸಕ್ರಮದ ಅರ್ಜಿಯನ್ನೇ ತಿದ್ದಿ ವಿಲೀನಕ್ಕೆ ಬಳಸಿರುತ್ತಾರೆ. ಅದಕ್ಕೇ ‘ಹತ್ತು ವರ್ಷ ನಿರಂತರ ಸೇವೆ ಸಲ್ಲಿಸಿರುವುದರಿಂದ ಖಾಯಂಗೊಳಿಸಬೇಕು’, ‘ಉಮಾದೇವಿ ಪ್ರಕರಣದ ತೀರ್ಪಿನಂತೆ’ ಎಂಬ ಸಾಲುಗಳು ಒಳಗೆ ಉಳಿದಿರುತ್ತವೆ. 2006ರ ಏಪ್ರಿಲ್ 10ರ ಆ ತೀರ್ಪು ತಾತ್ಕಾಲಿಕ, ಅಕ್ರಮ ನೇಮಕಾತಿಯವರ ಬಗ್ಗೆ. ಎರವಲು ಸೇವೆಯವರು ಈಗಾಗಲೇ ಖಾಯಂ ನೌಕರರು, ಮಾತೃ ಇಲಾಖೆಯಲ್ಲಿ ಅವರ ಹುದ್ದೆಯ ಹಕ್ಕು, ಅಂದರೆ ಲೀನ್, ಉಳಿದೇ ಇದೆ. ಅವರಿಗೆ ಸಕ್ರಮ ಎಂಬ ಪದವೇ ಅನ್ವಯಿಸುವುದಿಲ್ಲ. ಎರವಲು ಸೇವೆಯವರ ವಿಷಯದಲ್ಲಿ ಸುಪ್ರೀಂ ಕೋರ್ಟ್ ಹೇಳಿರುವುದು 2000ದ ಕುನಾಲ್ ನಂದಾ ಪ್ರಕರಣದಲ್ಲಿ: ನಿಯಮ ಅವಕಾಶ ಕೊಡದ ಹೊರತು ಎಷ್ಟು ವರ್ಷ ದುಡಿದರೂ ವಿಲೀನ ಹಕ್ಕಾಗುವುದಿಲ್ಲ, ಯಾವಾಗ ಬೇಕಾದರೂ ಮಾತೃ ಇಲಾಖೆಗೆ ವಾಪಸ್ ಕಳಿಸಬಹುದು. ಆದ್ದರಿಂದ ಅರ್ಜಿಯಲ್ಲಿ ‘ಹಕ್ಕು’ ಎಂದು ಗುಡುಗುವುದರಿಂದ ಏನೂ ಗಿಟ್ಟುವುದಿಲ್ಲ. ಯಾವ ನಿಯಮದಡಿ, ಯಾವ ಖಾಲಿ ಹುದ್ದೆಗೆ, ಯಾವ ಅಗತ್ಯಕ್ಕೆ ಎಂದು ತೋರಿಸಿದರೆ ಕಡತ ಕದಲುತ್ತದೆ.

ಆ ನಿಯಮ ಯಾವುದು ಎಂಬಲ್ಲಿಯೂ ಎಡವುತ್ತಾರೆ. ಕರ್ನಾಟಕ ಸಿವಿಲ್ ಸೇವೆಗಳ (ಸಾಮಾನ್ಯ ನೇಮಕಾತಿ) ನಿಯಮಗಳು, 1977ರ 16ನೇ ನಿಯಮ ಸಮಾನ ದರ್ಜೆಯ ಹುದ್ದೆಯಲ್ಲಿರುವ ಬೇರೆ ಸೇವೆಯವರನ್ನು ಲಿಖಿತ ಕಾರಣ ಕೊಟ್ಟು ವರ್ಗಾವಣೆ ಅಥವಾ ನಿಯೋಜನೆಯ ಮೂಲಕ ನೇಮಿಸುವ ಬಗ್ಗೆ ಇದೆ. 16ಎ ಇರುವುದು ಒಂದು ಜ್ಯೇಷ್ಠತಾ ಘಟಕದಿಂದ ಇನ್ನೊಂದು ಘಟಕಕ್ಕೆ, ಜಿಲ್ಲೆಯಿಂದ ಜಿಲ್ಲೆಗೆ ಹೋಗುವಂಥ ಪ್ರಕರಣಗಳಿಗೆ. ಅಂತರ ಜಿಲ್ಲಾ ವರ್ಗಾವಣೆಯ ಅರ್ಜಿಗಳು ಹೆಚ್ಚು ಬರುವುದರಿಂದ ಟೈಪಿಂಗ್ ಹುಡುಗರ ಕೈ ತಾನಾಗಿ 16ಎ ಕಡೆಗೇ ಹೋಗುತ್ತದೆ. ಉಲ್ಲೇಖದ ಸಾಲಿನಲ್ಲಿ ಈ ಒಂದು ‘ಎ’ ಅಕ್ಷರ ನೋಡಿಯೇ ಸಹಿ ಹಾಕಿ. ಜೊತೆಗೆ, ಪಡೆದ ಇಲಾಖೆಯ ವೃಂದ ಮತ್ತು ನೇಮಕಾತಿ ನಿಯಮಗಳಲ್ಲಿ ಆ ಹುದ್ದೆಗೆ ನೇಮಕಾತಿ ವಿಧಾನ ಏನೆಂದು ಬರೆದಿದೆ, ಖಾಲಿ ಹುದ್ದೆ ನೇರ ನೇಮಕಾತಿ ಕೋಟಾದ್ದೋ ಬಡ್ತಿ ಕೋಟಾದ್ದೋ ಎಂಬ ಒಂದು ಪುಟದ ಪ್ರತಿ ಕಡತದಲ್ಲಿ ಇರಲೇಬೇಕು. ಬಡ್ತಿ ಕೋಟಾದ ಹುದ್ದೆಗೆ ಹೊರಗಿನವರನ್ನು ತಂದರೆ ಅಲ್ಲಿ ಬಡ್ತಿಗೆ ಕಾಯುತ್ತಿರುವವರು ಆಕ್ಷೇಪಿಸುತ್ತಾರೆ, ಅವರ ಆಕ್ಷೇಪದಲ್ಲಿ ನ್ಯಾಯವೂ ಇದೆ.

ವೇತನ ಶ್ರೇಣಿಯ ಸಮಾನತೆಯಲ್ಲಿ ಆಗುವ ತಪ್ಪು ಇನ್ನೊಂದು ಬಗೆಯದು. ದ್ವಿತೀಯ ದರ್ಜೆ ಸಹಾಯಕರೊಬ್ಬರಿಗೆ 10 ವರ್ಷದ ಕಾಲಮಿತಿ ಬಡ್ತಿ (ಹುದ್ದೆ ಅದೇ, ವೇತನ ಮಾತ್ರ ಮೇಲಿನದು) ಸಿಕ್ಕಿರುತ್ತದೆ, ಅವರ ವೇತನ ಮೇಲಿನ ಶ್ರೇಣಿಯಲ್ಲಿ ಓಡುತ್ತಿರುತ್ತದೆ. ಆ ಶ್ರೇಣಿ ತೋರಿಸಿ ಮೇಲಿನ ಹುದ್ದೆಗೆ ವಿಲೀನ ಕೇಳಿ ಅರ್ಜಿ ಬರೆದುಕೊಡುತ್ತಾರೆ. ಹೋಲಿಸಬೇಕಾದ್ದು ಹುದ್ದೆಯ ಶ್ರೇಣಿಯನ್ನು, ನೌಕರ ಈಗ ಪಡೆಯುತ್ತಿರುವ ವೇತನವನ್ನಲ್ಲ. ಹಳೆಯ ನಮೂನೆಗಳಲ್ಲಿ ದ್ವಿತೀಯ ದರ್ಜೆ ಸಹಾಯಕರ ಶ್ರೇಣಿ 21,400–42,000 ಎಂದೇ ಕೂತಿರುತ್ತದೆ. 2024ರ ಆಗಸ್ಟ್ 1ರಿಂದ ಪರಿಷ್ಕೃತ ಶ್ರೇಣಿಗಳು ಜಾರಿಯಲ್ಲಿವೆ, ಅದು 34,100–67,600 ಆಗಿದೆ. ಎರಡೂ ಇಲಾಖೆಯ ಹುದ್ದೆಗೆ ಒಂದೇ ಪರಿಷ್ಕರಣೆಯ ಅಂಕಿ ಹಾಕಿ. ಒಂದಕ್ಕೆ ಹಳೆಯದು, ಇನ್ನೊಂದಕ್ಕೆ ಹೊಸದು ಬಿದ್ದರೆ ಸಮಾನ ಹುದ್ದೆಯೂ ಅಸಮಾನವಾಗಿ ಕಾಣುತ್ತದೆ.

ನಿರಾಕ್ಷೇಪಣಾ ಪತ್ರದ ವಿಚಾರದಲ್ಲಿ ಅಂಗಡಿಯವರು ಅವಸರ ಮಾಡುತ್ತಾರೆ. ಎರವಲು ಸೇವೆಗೆ ಹೋಗುವಾಗ ಅಥವಾ ಅವಧಿ ವಿಸ್ತರಿಸುವಾಗ ಮಾತೃ ಇಲಾಖೆ ಕೊಟ್ಟ ಹಳೆಯ ಪತ್ರವನ್ನೇ ಸೆಟ್‌ನಲ್ಲಿ ಸೇರಿಸಿಬಿಡುತ್ತಾರೆ. ‘ನಿಯೋಜನೆ ಮುಂದುವರಿಸಲು ಆಕ್ಷೇಪಣೆ ಇಲ್ಲ’ ಎಂಬುದು ಬೇರೆ, ‘ಖಾಯಂ ವಿಲೀನಕ್ಕೆ ಆಕ್ಷೇಪಣೆ ಇಲ್ಲ’ ಎಂಬುದು ಬೇರೆ. ಎರಡನೆಯದನ್ನು ನೇಮಕಾತಿ ಪ್ರಾಧಿಕಾರವೇ ಕೊಡಬೇಕು, ಕಚೇರಿ ಮುಖ್ಯಸ್ಥರ ಸಹಿ ಸಾಲದು. ಅದರಲ್ಲೇ ಇಲಾಖಾ ವಿಚಾರಣೆ, ಲೋಕಾಯುಕ್ತ ಪ್ರಕರಣ, ಲೆಕ್ಕ ತಪಾಸಣೆಯ ಆಕ್ಷೇಪಣೆ, ಮುಂಗಡಗಳ ಬಾಕಿ ಇಲ್ಲವೆಂಬ ನಾಲ್ಕು ಸಾಲು ಇರಲಿ. ಪ್ರತಿಯೊಂದಕ್ಕೂ ಬೇರೆ ಪತ್ರ ತರಿಸಲು ಹೊರಟರೆ ನಾಲ್ಕು ಮೇಜುಗಳಲ್ಲಿ ನಾಲ್ಕು ತಿಂಗಳು ಹೋಗುತ್ತದೆ.

ಈ ಭಾಗದ ನೌಕರರಿಗೆ ಇನ್ನೊಂದು ತಪಾಸಣೆ ಇದೆ. ಬೆಂಗಳೂರಿನಿಂದ ತಂದ ನಮೂನೆಗಳಲ್ಲಿ ಅದರ ಸುಳಿವೇ ಇರುವುದಿಲ್ಲ. ಸಂವಿಧಾನದ 371ಜೆ ವಿಧಿಯಡಿ 2013ರಲ್ಲಿ ಬಂದ ಮೀಸಲಾತಿ ಆದೇಶದಿಂದ ಇಲ್ಲಿನ ಹುದ್ದೆಗಳು ಸ್ಥಳೀಯ ವೃಂದ, ಉಳಿಕೆ ಮೂಲ ವೃಂದ ಎಂದು ಬೇರೆಬೇರೆಯಾಗಿ ಲೆಕ್ಕಕ್ಕೆ ಬರುತ್ತವೆ. ಸ್ಥಳೀಯ ವೃಂದದಲ್ಲಿ ಗ್ರೂಪ್ ಸಿ ಹುದ್ದೆಗಳಲ್ಲಿ ಶೇ. 80, ಗ್ರೂಪ್ ಡಿ ಹುದ್ದೆಗಳಲ್ಲಿ ಶೇ. 85 ಸ್ಥಳೀಯರಿಗೆ. ಹಾಗಾಗಿ ನೀವು ಯಾವ ವೃಂದದವರು, ವಿಲೀನವಾಗುವ ಹುದ್ದೆ ಯಾವ ವೃಂದದ ಲೆಕ್ಕದಲ್ಲಿದೆ ಎಂಬ ಎರಡು ಸಾಲು ಪ್ರಸ್ತಾವನೆಯಲ್ಲಿ ಇಲ್ಲದಿದ್ದರೆ ಕಡತ ವಾಪಸ್ ಬರುತ್ತದೆ. ನೀವು ಸ್ಥಳೀಯರೆಂಬ ಅರ್ಹತಾ ಪ್ರಮಾಣಪತ್ರ ಉಪವಿಭಾಗದ ಸಹಾಯಕ ಆಯುಕ್ತರದ್ದು: ಕಲಬುರಗಿ ಜಿಲ್ಲೆಯಲ್ಲಿ ಕಲಬುರಗಿ ಮತ್ತು ಸೇಡಂ, ಬೀದರ್ ಜಿಲ್ಲೆಯಲ್ಲಿ ಬೀದರ್ ಮತ್ತು ಬಸವಕಲ್ಯಾಣ, ಯಾದಗಿರಿಗೆ ಯಾದಗಿರಿ. ನೇಮಕಾತಿ ವೇಳೆ ಕೊಟ್ಟ ಪ್ರತಿ ಎಸ್‌ಆರ್‌ನಲ್ಲಿ ಇದ್ದರೂ ಒಂದು ದೃಢೀಕೃತ ಪ್ರತಿಯನ್ನು ಕಡತದ ಮೇಲ್ಭಾಗದಲ್ಲೇ ಇಡಿಸಿ. ಇದರಲ್ಲಿ ಕಲಬುರಗಿಯ ಹಿರಿಯರು ಪಕ್ಕಾ. ಕೆಲಸ ಕಲಿತದ್ದೇ ಇದೇ ಕಚೇರಿಗಳಲ್ಲಿ, ಹೀಗಾಗಿ ನೀವು ಕೇಳುವ ಮೊದಲೇ ಇದನ್ನು ಕೇಳುತ್ತಾರೆ.

ಕೇಂದ್ರ ಸಂಸ್ಥೆಗಳ ಕಡತಕ್ಕೆ ಮಾತ್ರ ಈ ಅಂಗಡಿಗಳನ್ನು ನೆಚ್ಚಬೇಡಿ. ಆಳಂದ ತಾಲ್ಲೂಕಿನ ಕಡಗಂಚಿಯ ಕೇಂದ್ರೀಯ ವಿಶ್ವವಿದ್ಯಾಲಯವಿರಲಿ, ಇಎಸ್‌ಐಸಿಯಂಥ ಸಂಸ್ಥೆಯಿರಲಿ, ಆಟದ ನಿಯಮವೇ ಬೇರೆ. ಅಧಿಸೂಚನೆಯಲ್ಲಿ ‘ಡೆಪ್ಯುಟೇಶನ್’ ಎಂದಷ್ಟೇ ಇದ್ದರೆ ಅವಧಿ ಮುಗಿದ ಮೇಲೆ ವಾಪಸ್. ‘ಡೆಪ್ಯುಟೇಶನ್ ಅಥವಾ ಅಬ್ಸಾರ್ಪ್ಶನ್’ ಎಂದು ನೇಮಕಾತಿ ನಿಯಮದಲ್ಲೇ ಇದ್ದರೆ ಮಾತ್ರ ವಿಲೀನದ ಬಾಗಿಲು ತೆರೆದಿರುತ್ತದೆ. ಕೇಂದ್ರದ ಸಾಮಾನ್ಯ ಸೂಚನೆಗಳಂತೆ ಅರ್ಜಿಯ ಕೊನೆಯ ದಿನಕ್ಕೆ ವಯಸ್ಸು 56 ಮೀರಿರಬಾರದು. ನಿಯಮದಲ್ಲಿ ಅವಧಿ ಹೇಳಿರದಿದ್ದರೆ 3 ವರ್ಷ ಎಂದು ಹಿಡಿಯಬೇಕು. ನಿಯೋಜನಾ ಭತ್ಯೆ ಅದೇ ಊರಿನಲ್ಲಾದರೆ ಮೂಲವೇತನದ ಶೇ. 5, ಬೇರೆ ಊರಿಗಾದರೆ ಶೇ. 10; 2017ರ ನವೆಂಬರ್ ಆದೇಶದ ಮಿತಿ ಕ್ರಮವಾಗಿ 4,500 ಮತ್ತು 9,000 ರೂಪಾಯಿ, ತುಟ್ಟಿಭತ್ಯೆ ಶೇ. 50 ಏರಿದಾಗಲೆಲ್ಲ ಈ ಮಿತಿಗಳೂ ಶೇ. 25 ಏರುತ್ತವೆ. ವಿಲೀನವಾದ ದಿನದಿಂದ ಆ ಭತ್ಯೆ ನಿಲ್ಲುತ್ತದೆ, ಮನೆಯ ಲೆಕ್ಕ ಹಾಕುವಾಗ ಇದನ್ನು ಮರೆಯಬಾರದು.

ಜ್ಯೇಷ್ಠತೆಯ ವಿಷಯದಲ್ಲಿ ಕೇಂದ್ರದ ಸೂತ್ರ ನೌಕರರಿಗೆ ಅನುಕೂಲಕರ. ದೆಹಲಿ ಪೊಲೀಸ್ ಸಬ್ ಇನ್‌ಸ್ಪೆಕ್ಟರ್ ರೂಪಲಾಲ್ ಪ್ರಕರಣದಲ್ಲಿ 1999ರ ಡಿಸೆಂಬರ್ 14ರಂದು ಸುಪ್ರೀಂ ಕೋರ್ಟ್ ತೀರ್ಪು ಕೊಟ್ಟ ಮೇಲೆ 2001ರ ಮಾರ್ಚ್ 27ರಂದು ಕೇಂದ್ರ ತನ್ನ ಸೂಚನೆ ತಿದ್ದಿತು. ಎರವಲು ಹುದ್ದೆಗೆ ಬಂದ ದಿನ, ಮಾತೃ ಇಲಾಖೆಯಲ್ಲಿ ಅದೇ ಅಥವಾ ಸಮಾನ ದರ್ಜೆಗೆ ಖಾಯಂ ನೇಮಕವಾದ ದಿನ, ಇವೆರಡರಲ್ಲಿ ಯಾವುದು ಮೊದಲೋ ಅಲ್ಲಿಂದ ಜ್ಯೇಷ್ಠತೆ. ಅದಕ್ಕೂ ಮೊದಲು ‘ಯಾವುದು ನಂತರವೋ’ ಎಂದಿತ್ತು. ಕೆಲವು ಅಂಗಡಿಗಳು ಈ ಕೇಂದ್ರ ಸೂಚನೆಯನ್ನು ರಾಜ್ಯದ ಇಲಾಖೆಯಿಂದ ಇಲಾಖೆಗೆ ಹೋಗುವವರ ಅರ್ಜಿಯಲ್ಲೂ ಉಲ್ಲೇಖಿಸುತ್ತವೆ. ಅಲ್ಲಿ ನಡೆಯುವುದು 1957ರ ರಾಜ್ಯ ನಿಯಮ. ತಪ್ಪು ಉಲ್ಲೇಖ ಹಾಕಿದರೆ ವಿಷಯ ನಿರ್ವಾಹಕರು ಇಡೀ ಅರ್ಜಿಯನ್ನೇ ಅನುಮಾನದಿಂದ ನೋಡುತ್ತಾರೆ.

ಪಿಂಚಣಿಯ ಭಾಗವನ್ನು ಅಂಗಡಿಯವರು ಒಂದೇ ಸಾಲಿನಲ್ಲಿ ಮುಗಿಸುತ್ತಾರೆ, ಅಷ್ಟು ಸಾಲದು. ರಾಜ್ಯದಲ್ಲಿ 2006ರ ಏಪ್ರಿಲ್ 1ರಿಂದ ಸೇರಿದವರು, ಕೇಂದ್ರದಲ್ಲಿ 2004ರ ಜನವರಿ 1ರಿಂದ ಸೇರಿದವರು ಹೊಸ ಪಿಂಚಣಿ ಯೋಜನೆಯಡಿ ಬರುತ್ತಾರೆ. ರಾಜ್ಯದಿಂದ ಕೇಂದ್ರದ ಸಂಸ್ಥೆಗೆ ವಿಲೀನವಾದರೆ ಪ್ರಾಣ್ (ಆ ಯೋಜನೆಯ ಖಾತೆ) ಸಂಖ್ಯೆ ಅದೇ ಉಳಿಯುತ್ತದೆ, ವಲಯ ಬದಲಾವಣೆಗೆ ಐಎಸ್‌ಎಸ್-1 ನಮೂನೆ ಕೊಡಬೇಕು. ಹೊಸ ಪ್ರಾಣ್ ತೆಗೆಸಲು ಯಾರಾದರೂ ಹೇಳಿದರೆ ಒಪ್ಪಬೇಡಿ. 2006ಕ್ಕಿಂತ ಮೊದಲು ರಾಜ್ಯ ಸೇವೆಗೆ ಸೇರಿದವರು ಹಿಂದಿನ ಸೇವೆಯನ್ನು ಪಿಂಚಣಿಗೆ ಪರಿಗಣಿಸುವ ಷರತ್ತು ವಿಲೀನದ ಆದೇಶದಲ್ಲೇ ಬರುವಂತೆ ನೋಡಿಕೊಳ್ಳಬೇಕು. ಆಮೇಲೆ ಪ್ರತ್ಯೇಕ ಆದೇಶ ತರಿಸುತ್ತೇವೆ ಎಂದು ಬಿಟ್ಟರೆ ನಿವೃತ್ತಿಯ ಹೊತ್ತಿಗೆ ಎರಡೂ ಕಡೆ ಅಲೆದಾಟ. ಕೆಜಿಐಡಿ, ಅಂದರೆ ಸರ್ಕಾರಿ ವಿಮೆಯ, ಕಂತನ್ನು ವಿಲೀನದ ನಂತರ ಯಾರು ಕಡಿತ ಮಾಡಿ ಕಟ್ಟುತ್ತಾರೆ ಎಂಬುದನ್ನೂ ಅದೇ ಹೊತ್ತಿನಲ್ಲಿ ಜಿಲ್ಲಾ ವಿಮಾ ಕಚೇರಿಯಲ್ಲಿ ಬರೆಸಿಕೊಳ್ಳಿ. ಎಚ್‌ಆರ್‌ಎಂಎಸ್‌ನಲ್ಲಿ, ಅಂದರೆ ಸಂಬಳದ ತಂತ್ರಾಂಶದಲ್ಲಿ, ಹಳೆಯ ಡಿಡಿಓ ಬಿಡುಗಡೆ ಮಾಡದೆ ಹೊಸ ಡಿಡಿಓ ಸೇರಿಸಿಕೊಳ್ಳಲು ಬರುವುದಿಲ್ಲ. ವಿಲೀನದ ಆದೇಶ ಕೈಗೆ ಬಂದ ವಾರದಲ್ಲೇ ಎರಡೂ ಕಚೇರಿಯ ಸಂಬಳದ ಗುಮಾಸ್ತರನ್ನು ಕಂಡು ಮಾತಾಡಿದರೆ ಆ ತಿಂಗಳ ಸಂಬಳ ನಿಲ್ಲುವುದಿಲ್ಲ.

ಕಡತ ಕೊಟ್ಟ ಮೇಲಿನ ಹಿಂಬಾಲಿಕೆಯನ್ನೂ ಕೆಲವರು ಸೇವೆಯಾಗಿ ಮಾರುತ್ತಾರೆ. ‘ಬೆಂಗಳೂರಾಗ ನಮ್ಮವರಿದಾರ್ರೀ, ಮಾಡಿಸ್ತೀವಿ’ ಎಂಬ ಮಾತಿಗೆ ಒಂದು ಪೈಸೆಯನ್ನೂ ಕೊಡಬೇಡಿ. ಅದು ಸೇವೆಯಲ್ಲ, ಅಪರಾಧ. ಸಿಕ್ಕಿಬಿದ್ದರೆ ಹೋಗುವುದು ನಿಮ್ಮ ನೌಕರಿ. ಕಾನೂನುಬದ್ಧ ಹಿಂಬಾಲಿಕೆ ಎರಡು ರೀತಿಯದು, ಅದನ್ನು ಈ ಅಂಗಡಿಗಳು ಚೆನ್ನಾಗಿಯೇ ಮಾಡಿಕೊಡುತ್ತವೆ. ಒಂದು, ಅರ್ಜಿಯ ನಕಲಿನ ಮೇಲೆ ಆವಕ ಸಂಖ್ಯೆ, ದಿನಾಂಕ, ಮೊಹರು ಹಾಕಿಸಿ ತರುವುದು. ಎರಡು, ಮಾಹಿತಿ ಹಕ್ಕಿನಡಿ 10 ರೂಪಾಯಿ ಶುಲ್ಕ ಕಟ್ಟಿ, ಒಂದೇ ವಿಷಯಕ್ಕೆ ಸೀಮಿತವಾಗಿ 150 ಪದದೊಳಗೆ ಅರ್ಜಿ ಹಾಕಿ ಕಡತದ ಟಿಪ್ಪಣಿ ಹಾಳೆಯ ನಕಲು ಕೇಳುವುದು. ಉತ್ತರಕ್ಕೆ ಕಾಲಮಿತಿ 30 ದಿನ. ಟಿಪ್ಪಣಿ ಹಾಳೆ ಕೈಗೆ ಬಂದರೆ ಯಾವ ಮೇಜಿನಲ್ಲಿ, ಯಾವ ಷರಾಕ್ಕೆ ಕಡತ ನಿಂತಿದೆ ಎಂದು ಗೊತ್ತಾಗುತ್ತದೆ. ಅರ್ಧ ಪ್ರಕರಣಗಳಲ್ಲಿ ಬೇಕಾಗಿರುವುದು ಒಂದು ದೃಢೀಕೃತ ಪ್ರತಿ ಅಷ್ಟೇ ಆಗಿರುತ್ತದೆ.

ಆವಕದ ಮೊಹರು ಸಣ್ಣ ಸಂಗತಿ ಅಂದುಕೊಳ್ಳಬೇಡಿ. ಮನವಿ ಕೊಟ್ಟು 6 ತಿಂಗಳಾದರೂ ಉತ್ತರ ಬಾರದಿದ್ದರೆ, ಅಲ್ಲಿಂದ 1 ವರ್ಷದೊಳಗೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಹೋಗಬಹುದು, ಅದರ ಪೀಠ ಕಲಬುರಗಿಯಲ್ಲೇ ಇದೆ. ರಾಜ್ಯ ಸರ್ಕಾರಿ ನೌಕರರು ನೇರ ಹೈಕೋರ್ಟ್ ಪೀಠಕ್ಕೆ ಹೋದರೆ ಮೊದಲು ನ್ಯಾಯಮಂಡಳಿಗೆ ಹೋಗಿ ಎಂದೇ ಹೇಳುತ್ತಾರೆ. ಆ 6 ತಿಂಗಳು ಎಂದು ಶುರುವಾಯಿತು ಎಂದು ತೋರಿಸುವ ದಾಖಲೆ ನಿಮ್ಮ ಕೈಯಲ್ಲಿರುವ ಮೊಹರು ಬಿದ್ದ ಆ ನಕಲು ಮಾತ್ರ.

ಕೆಲಸ ಒಪ್ಪಿಸುವಾಗ ದುಡ್ಡು ಮೂರು ಕಂತಿನಲ್ಲಿ ಕೊಡುವುದು ಒಳ್ಳೆಯದು: ಎಸ್‌ಆರ್ ನ್ಯೂನತೆಗಳ ಪಟ್ಟಿ ಕೊಟ್ಟಾಗ ಒಂದು, ಅವಧಿ ತಃಖ್ತೆ ಪೂರ್ತಿಯಾದಾಗ ಒಂದು, ಕರಡು ಅರ್ಜಿಯನ್ನು ನೀವು ತಿದ್ದಿ ಅಂತಿಮ ಪ್ರತಿ ಬಂದಾಗ ಉಳಿದದ್ದು. ಒಟ್ಟು ಸೆಟ್ ಮೂರು ಇರಲಿ, ಮಾತೃ ಇಲಾಖೆಗೆ, ಪಡೆದ ಸಂಸ್ಥೆಗೆ, ನಿಮಗೆ. ಪ್ರತಿ ಸೆಟ್‌ಗೂ ಪುಟಸಂಖ್ಯೆ ಹಾಕಿಸಿ, ಮೇಲೆ ಅನುಕ್ರಮಣಿಕೆ ಇಡಿಸಿ. ಸಾಫ್ಟ್ ಕಾಪಿ ಕೇಳಿ ಪಡೆಯಿರಿ, ಅದೂ ಯೂನಿಕೋಡ್‌ನಲ್ಲಿ. ಅಂಗಡಿಗಳು ಇನ್ನೂ ಹಳೆಯ ನುಡಿ ಅಕ್ಷರದಲ್ಲೇ ಟೈಪ್ ಮಾಡುತ್ತವೆ, ಆ ಕಡತವನ್ನು ಇ-ಆಫೀಸ್‌ನಲ್ಲಿ ಅಂಟಿಸಿದರೆ ಅಕ್ಷರಗಳೆಲ್ಲ ಕಲಸಿಹೋಗಿ, ವಿಷಯ ನಿರ್ವಾಹಕರು ಮತ್ತೆ ಮೊದಲಿನಿಂದ ಟೈಪ್ ಮಾಡಬೇಕಾಗುತ್ತದೆ. ನಿಮ್ಮ ಕಡತ ಆ ಟೈಪಿಂಗಿಗಾಗಿ ಕಾಯುತ್ತಾ ಕೂರುತ್ತದೆ. ಹೋಗುವಾಗ ಮೊದಲ ನೇಮಕಾತಿ ಆದೇಶ, ಪರೀಕ್ಷಾರ್ಥ ಅವಧಿ ಮುಗಿದ ಘೋಷಣೆ, ಎಲ್ಲ ನಿಯೋಜನೆ ಹಾಗೂ ವಿಸ್ತರಣೆ ಆದೇಶಗಳು, ಕೊನೆಯ 5 ವರ್ಷದ ಕಾರ್ಯನಿರ್ವಹಣಾ ವರದಿ ಮತ್ತು ಆಸ್ತಿ-ಹೊಣೆ ವಿವರ ಸಲ್ಲಿಸಿದ ಸ್ವೀಕೃತಿ, 371ಜೆ ಪ್ರಮಾಣಪತ್ರ, ಎಸ್‌ಆರ್‌ನ ದೃಢೀಕೃತ ಪ್ರತಿ ಜೊತೆಗಿರಲಿ. ಪರೀಕ್ಷಾರ್ಥ ಅವಧಿಯ ಘೋಷಣೆಯ ಆದೇಶವನ್ನೇ ಜನ ಹೆಚ್ಚಾಗಿ ಮರೆತು ಬರುತ್ತಾರೆ. ಬೀದರ್‌ನಿಂದ, ಯಾದಗಿರಿಯಿಂದ ಬಂದವರು ಆ ಒಂದು ಹಾಳೆಗಾಗಿ ಮತ್ತೆ ಊರಿಗೆ ಹೋಗಿ ಬರಬೇಕಾಗುತ್ತದೆ.